ಟ್ಯಾನಿನ್ನಿಗೆ ಕನ್ನಡವಿಲ್ಲವೆ?

ಕನ್ನಡದಲ್ಲಿ ವಿಜ್ಞಾನ ಬರೆಯುವವರಲ್ಲಿ ಎರಡು ಪಂಥಗಳುಂಟು. ಒಂದು ಪಂಥದವರು ಇಂಗ್ಲಿಷಿನ ಶಬ್ದವನ್ನು ಇದ್ದಂತೆಯೇ ಎತ್ತಿ ತಂದು ಕನ್ನಡ ಲಿಪಿಯಲ್ಲಿ ಬರೆದು ಕೈತೊಳೆದುಕೊಳ್ಳುವರು. ಇನ್ನೊಂದು ಪಂಥದವರು ಸಂಸ್ಕೃತ ಕೋಶವನ್ನು ಬಿಚ್ಚಿ ಕುಳಿತು, ಗುರುವಿಗೂ ಶಿಷ್ಯನಿಗೂ ಸಮನಾಗಿ ತಿಳಿಯದ ಶಬ್ದವೊಂದನ್ನು ಕಟ್ಟಿಕೊಡುವರು. ಇವರಿಬ್ಬರಿಗೂ ನಿತ್ಯ ಜಗಳ. ಆದರೆ ಒಂದು ಮಾತಿನಲ್ಲಿ ಮಾತ್ರ ಒಮ್ಮತವಿದೆ: ಗಿಡಮರಗಳ ರಸಾಯನವನ್ನು ಕುರಿತು ಹಳ್ಳಿಯವನಿಗೆ ಏನೂ ಗೊತ್ತಿಲ್ಲ, ಆದ್ದರಿಂದ ಅವನ ಬಾಯಲ್ಲಿ ಅದಕ್ಕೆ ಶಬ್ದವೂ ಇಲ್ಲ. ಈ ಒಮ್ಮತವೇ ಸುಳ್ಳೆಂಬುದು ನನ್ನ ವಾದ. ಒಂದೇ ಒಂದು ಶಬ್ದವನ್ನು ಸಾಕ್ಷಿಗೆ ಕರೆಯುತ್ತೇನೆ. ಅದು ‘ಟ್ಯಾನಿನ್’.

ಟ್ಯಾನಿನ್ ಎಂದರೇನು? ಜಾಲಿಯ ತೊಗಟೆ, ತಂಗಡಿಯ ತೊಗಟೆ, ಅಳಲೆಕಾಯಿ, ಕಾಚು, ಚಹದ ಎಲೆ, ಎಳೆಯ ಪೇರಲಕಾಯಿ, ಇವೆಲ್ಲವುಗಳಲ್ಲಿ ಇರುವ ಒಂದು ಜಾತಿಯ ವಸ್ತುಗಳಿಗೆ ಆ ಹೆಸರು. ಅದು ಒಂದು ವಸ್ತುವಲ್ಲ, ಒಂದು ಕುಲ. 1962ರಲ್ಲಿ ಬೇಟ್‌-ಸ್ಮಿತ್ ಮತ್ತು ಸ್ವೇನ್ ಎಂಬ ವಿಜ್ಞಾನಿಗಳು ಕೊಟ್ಟ ಲಕ್ಷಣವನ್ನೇ ಇಂದಿಗೂ ಎಲ್ಲರೂ ಉದ್ಧರಿಸುತ್ತಾರೆ: ನೀರಿನಲ್ಲಿ ಕರಗುವ, ಅಣುತೂಕ 500ರಿಂದ 3000ದವರೆಗೆ ಇರುವ, ಜಿಲೆಟಿನ್ ಮೊದಲಾದ ಪ್ರೋಟೀನುಗಳನ್ನು ಹಿಡಿದು ಗಟ್ಟಿಯಾಗಿ ಕೆಳಗಿಳಿಸುವ ಫೀನಾಲು ವಸ್ತುಗಳು. ಈ ಲಕ್ಷಣದ ಕೊನೆಯ ಭಾಗವನ್ನು ವಾಚಕರು ಗಮನಿಸಬೇಕು. ಜಿಲೆಟಿನ್ ಎಂದರೆ ಪ್ರಾಣಿಯ ತೊಗಲು ಎಲುಬುಗಳಿಂದ ಬರುವ ಅಂಟು. ಆ ಅಂಟನ್ನು ಹಿಡಿಯಬಲ್ಲದ್ದೇ ಟ್ಯಾನಿನ್. ಎಂದರೆ, ಇಪ್ಪತ್ತನೆಯ ಶತಮಾನದ ರಸಾಯನಶಾಸ್ತ್ರವೂ ಈ ವಸ್ತುವನ್ನು ಗುರುತಿಸಿದ್ದು ತೊಗಲು ಹದಮಾಡುವವನ ಪರೀಕ್ಷೆಯಿಂದಲೇ.

ಶಬ್ದದ ಹುಟ್ಟೂ ಅಲ್ಲಿಯದೇ. ಫ್ರಾನ್ಸಿನಲ್ಲಿ ತೊಗಲು ಹದಮಾಡಲು ಕುಟ್ಟಿಡುವ ಓಕ್ ಮರದ ತೊಗಟೆಗೆ ‘ಟಾನ್’ ಎಂದು ಹೆಸರು. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಅಲ್ಲಿನ ರಸಾಯನಿಗಳು ಆ ತೊಗಟೆಯ ಸತ್ತ್ವಕ್ಕೆ ಹೆಸರಿಡಬೇಕಾದಾಗ ಗ್ರೀಕಿಗೆ ಹೋಗಲಿಲ್ಲ, ಲ್ಯಾಟಿನ್ನಿಗೆ ಹೋಗಲಿಲ್ಲ. ನಾತ ಹೊಡೆಯುವ ಚರ್ಮದ ಹೊಂಡದ ಬಳಿಗೆ ಹೋಗಿ ಅಲ್ಲಿಯ ಶಬ್ದವನ್ನೇ ಎತ್ತಿಕೊಂಡರು. 1803ರಲ್ಲಿ ಹಂಫ್ರಿ ಡೇವಿ ಲಂಡನ್ನಿನ ರಾಯಲ್ ಸೊಸೈಟಿಯ ಮುಂದೆ ಒಗರು ಸಸ್ಯವಸ್ತುಗಳ ಮೇಲೆ ಪ್ರಬಂಧ ಮಂಡಿಸಿದಾಗ, ಅವನು ಪರೀಕ್ಷಿಸಿದ ವಸ್ತುಗಳಲ್ಲಿ ಮುಂಬಯಿಯಿಂದಲೂ ಬಂಗಾಲದಿಂದಲೂ ಹೋದ ಕಾಚು ಇತ್ತು. ಇಂದು ಚಹದ ಪೊಟ್ಟಣದ ಮೇಲೆ ಓದುವ ‘ಕ್ಯಾಟೆಚಿನ್’ ಎಂಬ ಶಬ್ದ ನಮ್ಮ ಎಲೆಯಡಿಕೆಯ ಕಾಚಿನ ಬಳಗದ್ದೇ. ಸಾಹೇಬರ ಶಾಸ್ತ್ರಕ್ಕೆ ನಮ್ಮ ತಟ್ಟೆಯ ಕಾಚು ಮೈಲಿಗೆಯಾಗಲಿಲ್ಲ. ನಮ್ಮ ಶಾಸ್ತ್ರಕ್ಕೆ ನಮ್ಮ ಮಾತು ಏಕೆ ಮೈಲಿಗೆ?

ಲಿಂಗಸುಗೂರು, ಮಸ್ಕಿ, ಸಿಂಧನೂರು, ಈ ಮೂರೂರ ಸುತ್ತಿನ ಹಳ್ಳಿಗಳ ಹುಡುಗರಿಗೆ ನಾನು ಕನ್ನಡ ಪಾಠ ಹೇಳುವವನು. ತುಂಗಭದ್ರೆಯ ಎಡದಂಡೆ ಕಾಲುವೆ ಹರಿದ ಸಿಂಧನೂರಿನ ಕಡೆ ಬತ್ತದ ಗದ್ದೆಗಳಾಗಿವೆ. ಮಸ್ಕಿ ದಾಟಿ ಲಿಂಗಸುಗೂರಿನ ದಾರಿ ಹಿಡಿದರೆ ಕಲ್ಲುಗುಡ್ಡಗಳ ಬುಡದಲ್ಲಿ, ಬೀಳು ಹೊಲಗಳಲ್ಲಿ ಹಳದಿ ಹೂವಿನ ತಂಗಡಿ, ಬದುವಿನ ಮೇಲೆ ಜಾಲಿ. ಈ ಎರಡರ ತೊಗಟೆಯೂ ನಮ್ಮ ನಾಡಿನಲ್ಲಿ ತಲೆಮಾರುಗಳಿಂದ ತೊಗಲು ಹದಮಾಡಲು ಒದಗಿದಂಥದು. ಕುಟ್ಟಿದ ತೊಗಟೆಯ ನೀರಿನಲ್ಲಿ ಹಸಿ ತೊಗಲನ್ನು ಎಷ್ಟು ದಿನ ನೆನೆಯಿಡಬೇಕು, ನೀರು ಸಪ್ಪೆಯಾದದ್ದು ಹೇಗೆ ತಿಳಿಯಬೇಕು, ಯಾವಾಗ ಹೊಸ ತೊಗಟೆ ಹಾಕಬೇಕು, ಇದನ್ನೆಲ್ಲ ಬಲ್ಲವರು ಮಾದಿಗ, ಸಮಗಾರ, ಡೋಹರ ಸಮುದಾಯದವರು. ಊರಿನ ಮಿಣಿ, ಬಾರುಕೋಲು, ಕೆರ, ಕಪಿಲೆಯ ಚೀಲ ಎಲ್ಲವೂ ಅವರ ಕೈಯಿಂದ ಬಂದವು. ಕೊಳೆಯಬೇಕಾದ ತೊಗಲು ಕೊಳೆಯದೆ ಉಳಿದದ್ದು, ತೊಗಟೆಯ ಸತ್ತ್ವ ತೊಗಲಿನ ಪ್ರೋಟೀನನ್ನು ಹಿಡಿದು ಬಿಗಿದದ್ದರಿಂದ. ಅವರು ಅದಕ್ಕೆ ‘ಹದ’ ಎಂದರು. ಹೊಲದ ತೇವಕ್ಕೂ, ಪಾಕಕ್ಕೂ, ತೊಗಲಿಗೂ ಸಲ್ಲುವ ಇಂಥ ಶಬ್ದವನ್ನು ಯಾವ ವಿದ್ವತ್ಸಮಿತಿ ಕಟ್ಟೀತು?

ಆ ಕಸುಬು ಮರಳಿ ಬರಲಿ ಎಂದು ನಾನು ಹೇಳುತ್ತಿಲ್ಲ. ಅದನ್ನು ಊರು ಅವರ ಮೇಲೆ ಹೊರಿಸಿತ್ತು. ದುಡಿಮೆಯನ್ನು ತೆಗೆದುಕೊಂಡು ದುಡಿದವರನ್ನು ಊರ ಹೊರಗಿಟ್ಟಿತ್ತು. ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಕ್ರೋಮಿಯಂ ಲವಣದ ಹದ ಬಂದು ತೊಗಟೆಯ ಹದ ಹಿಂದೆ ಸರಿಯಿತು. ಆ ಮನೆಗಳ ಮಕ್ಕಳು ಕಾಲೇಜಿಗೆ ಬಂದದ್ದು ನಮ್ಮ ಕಾಲದ ಭಾಗ್ಯ. ಆದರೆ ಬಂದ ಹುಡುಗನ ಮುಂದೆ ನಾವು ಇಡುವುದೇನು? ‘ಟ್ಯಾನಿನ್’ ಎಂಬ ಪರದೇಶಿ ಹೆಸರನ್ನು ಇಟ್ಟು ಬಾಯಿಪಾಠ ಮಾಡು ಎನ್ನುತ್ತೇವೆ. ಅವನ ಅಜ್ಜ ಕೈಯಿಂದ ತಿಳಿದದ್ದನ್ನೇ ಅವನು ಹೊಸದೆಂದು ಕಲಿಯಬೇಕು, ಅಜ್ಜನನ್ನು ಅಜ್ಞಾನಿಯೆಂದು ನಂಬಬೇಕು. ಹನ್ನೆರಡನೆಯ ಶತಮಾನದಲ್ಲಿ ಡೋಹರ ಕಕ್ಕಯ್ಯನಿಗೂ ಮಾದಾರ ಧೂಳಯ್ಯನಿಗೂ ಸಾಹಿತ್ಯದಲ್ಲಿ ಪೀಠ ಕೊಟ್ಟ ಭಾಷೆ ಇದು. ಅದೇ ಭಾಷೆ ಈಗ ಶಾಸ್ತ್ರದ ಮನೆಯಲ್ಲಿ ಅವರ ವಂಶದವರನ್ನು ಹೊಸ್ತಿಲಾಚೆ ನಿಲ್ಲಿಸಬೇಕೆ?

ಈಗ ಎದುರು ಪಕ್ಷದ ಮಾತು. “ಹಳ್ಳಿಯವರು ಒಗರು ಎನ್ನುತ್ತಾರೆ, ಸರಿ, ಆದರೆ ಒಗರು ಎಂಬುದು ರುಚಿಯ ಹೆಸರು, ವಸ್ತುವಿನ ಹೆಸರಲ್ಲ. ಪಟಿಕ ನಾಲಿಗೆಗೆ ತಾಗಿದರೂ ಒಗರೇ. ಅದರಲ್ಲಿ ಟ್ಯಾನಿನ್ ಎಲ್ಲಿದೆ?” ಆಕ್ಷೇಪಣೆ ನ್ಯಾಯವಾದದ್ದು. ಒಗರನ್ನು ಟ್ಯಾನಿನ್ನಿಗೆ ಪರ್ಯಾಯವಾಗಿ ಬಳಸಬಾರದು. ನಿಜವಾಗಿ ನೋಡಿದರೆ ಒಗರು ಉಪ್ಪು ಹುಳಿಗಳಂಥ ರುಚಿಯೂ ಅಲ್ಲ. ಜೊಲ್ಲಿನ ಪ್ರೋಟೀನು ಗಂಟುಕಟ್ಟಿ ನಾಲಿಗೆ ಒಣಗಿ ಎಳೆದಂತಾಗುವ ಸ್ಪರ್ಶ. ಸಂಸ್ಕೃತದ ‘ಕಷಾಯ’ವೂ ಇಲ್ಲಿ ಒದಗದು. ವೈದ್ಯಶಾಸ್ತ್ರದ ಆರು ರಸಗಳಲ್ಲಿ ಅದು ಒಂದಾದರೂ, ಇಂದು ಕಷಾಯವೆಂದರೆ ನೆಗಡಿಗೆ ಕುಡಿಯುವ ಶುಂಠಿ ಮೆಣಸಿನ ನೀರು.

ಹಾಗಾದರೆ ವಸ್ತುವಿಗೆ ಹೆಸರು? ಅದೂ ಕನ್ನಡದಲ್ಲಿಯೇ ಇದೆ. ಮಲೆನಾಡಿನಲ್ಲಿ ಅಡಿಕೆ ಬೇಯಿಸುವವರು ಹಂಡೆಯಲ್ಲಿ ಉಳಿಯುವ ಕೆಂಪು ರಸಕ್ಕೆ ‘ಚೊಗರು’ ಎನ್ನುವರು. ಅದನ್ನು ಕಾಪಿಡುವರು, ಬತ್ತಿಸುವರು, ಅಡಿಕೆಗೆ ಬಣ್ಣ ಕಟ್ಟುವರು. ಅದು ಕಣ್ಣಿಗೆ ಕಾಣುವ ವಸ್ತು, ಅದರ ಸತ್ತ್ವ ಟ್ಯಾನಿನ್ನೇ. ವಸ್ತುವಿಗೆ ಚೊಗರು, ಅದು ನಾಲಿಗೆಗೆ ಮಾಡುವ ಅನುಭವಕ್ಕೆ ಒಗರು, ತೊಗಲಿಗೆ ಮಾಡುವ ಕೆಲಸಕ್ಕೆ ಹದ. ಇಂಗ್ಲಿಷಿನಲ್ಲಿಯೂ ಇಷ್ಟು ಅಚ್ಚುಕಟ್ಟಾದ ವಿಂಗಡಣೆ ಇಲ್ಲ. ಚೊಗರು ನಮ್ಮ ಬಯಲಿನ ಮಾತಲ್ಲ ಎನ್ನಬಹುದು. ಆದರೆ ‘ವಗರು’ ಬಲ್ಲ ಮಸ್ಕಿಯ ಹುಡುಗನಿಗೆ ಚೊಗರು ಒಂದು ಹೆಜ್ಜೆಯ ದೂರ. ಟ್ಯಾನಿನ್ ಏಳು ಸಮುದ್ರದ ದೂರ. 1956ರಲ್ಲಿ ರಾಯಚೂರು ಜಿಲ್ಲೆ ಹೈದರಾಬಾದಿನಿಂದ ಬಂದು ಕನ್ನಡ ನಾಡಿಗೆ ಸೇರಿತು. ನೆಲ ಸೇರಿತು, ಶಬ್ದಗಳು ಇನ್ನೂ ಸೇರಬೇಕಾಗಿವೆ.

ಹೆಸರು ಪರಕೀಯವಾದಾಗ ಅರ್ಥವೂ ಸಡಿಲುತ್ತದೆ. ಚಹದಲ್ಲಿ ‘ಟ್ಯಾನಿಕ್ ಆಮ್ಲ’ ಇದೆಯೆಂದು ಓದಿದವರೇ ಹೇಳುವರು. ಟ್ಯಾನಿಕ್ ಆಮ್ಲ ಈ ಕುಲದ ಒಬ್ಬ ಸದಸ್ಯ ಮಾತ್ರ. ಚಹದ ಚೊಗರು ಬೇರೆ ಬಗೆಯದು. ಕೆಂಪು ಜೋಳವೆಲ್ಲ ಟ್ಯಾನಿನ್ ಜೋಳ ಎನ್ನುವರು. ಅದೂ ತಪ್ಪು. ಸಿಪ್ಪೆಯ ಕೆಳಗೆ ತೆಳುವಾದ ಕಂದು ಪದರವಿರುವ ಜೋಳದಲ್ಲಿ ಮಾತ್ರ ಚೊಗರು ಹೆಚ್ಚು. ಅದನ್ನು ಹಕ್ಕಿ ಸುಲಭಕ್ಕೆ ಮುಟ್ಟದು, ದನಕ್ಕೂ ಅದರ ಪ್ರೋಟೀನು ಪೂರ್ತಿ ದಕ್ಕದು. ಕಾಳಿನ ಹೊರಬಣ್ಣ ಇದಕ್ಕೆ ಸಾಕ್ಷಿಯಲ್ಲ.

ಇದು ಪಂಡಿತರ ಜಗಳವಷ್ಟೇ ಎಂದು ಯಾರಾದರೂ ತಿಳಿದರೆ ಇನ್ನೊಂದು ಸಂಗತಿಯನ್ನು ಕೇಳಬೇಕು. ಬಸುರಿ ಹೆಂಗಸರಿಗೆ ಸರಕಾರ ಕೊಡುವ ಕಬ್ಬಿಣದ ಮಾತ್ರೆಯಲ್ಲಿರುವುದು ಫೆರಸ್ ಸಲ್ಫೇಟ್. ಹಳೆಯ ಕನ್ನಡಿಗರು ಬಲ್ಲ ಅನ್ನಭೇದಿ. ಅನ್ನಭೇದಿಗೆ ಅಳಲೆಕಾಯಿಯ ರಸ ಬೆರೆಸಿದರೆ ಕಪ್ಪು ಮಸಿಯಾಗುತ್ತದೆಂದು ನಮ್ಮ ಲಿಪಿಕಾರರು ಬಲ್ಲರು. ಮಾತ್ರೆ ನುಂಗಿ ಮೇಲೆ ಚಹ ಕುಡಿದರೆ ಆಗುವುದೂ ಅದೇ ಜಾತಿಯ ಕೆಲಸ: ಚೊಗರು ಕಬ್ಬಿಣವನ್ನು ಹಿಡಿದುಕೊಳ್ಳುತ್ತದೆ, ಮೈಗೆ ಸೇರುವ ಪಾಲು ಕುಗ್ಗುತ್ತದೆ. “ಟ್ಯಾನಿನ್ ಕಬ್ಬಿಣದ ಹೀರಿಕೆಯನ್ನು ಪ್ರತಿಬಂಧಿಸುತ್ತದೆ” ಎಂದು ಗೋಡೆಯ ಮೇಲೆ ಬರೆದರೆ ಲಿಂಗಸುಗೂರಿನ ಹಳ್ಳಿಯ ಯಾವ ತಾಯಿಗೆ ತಿಳಿದೀತು? “ಚಹದ ಚೊಗರು ಗುಳಿಗೆಯ ಕಬ್ಬಿಣವನ್ನು ಹಿಡಿದು ಮಸಿ ಮಾಡುತ್ತದೆ, ಎರಡನ್ನೂ ಒಟ್ಟಿಗೆ ತಗೋಬ್ಯಾಡ ತಾಯಿ” ಎಂದರೆ ತಿಳಿಯದ ತಾಯಿ ಯಾರು? ಶಬ್ದ ಇಲ್ಲಿ ರಕ್ತದ ಪ್ರಶ್ನೆ.

ವಿಶ್ವವಿದ್ಯಾಲಯದ ಪ್ರಯೋಗಶಾಲೆಯಲ್ಲಿ ಟ್ಯಾನಿನ್ ಇರಲಿ. ಲೋಕದ ವಿದ್ವಾಂಸರೊಡನೆ ಮಾತಾಡಲು ಅದು ಬೇಕು. ಆದರೆ ಶಾಲೆಯ ಪುಸ್ತಕದಲ್ಲಿ, ಕೃಷಿಯ ಕೈಪಿಡಿಯಲ್ಲಿ, ಆಸ್ಪತ್ರೆಯ ಗೋಡೆಯ ಮೇಲೆ ಚೊಗರು ಮೊದಲು ಬರಲಿ, ಟ್ಯಾನಿನ್ ಅದರ ಹಿಂದೆ ಬರಲಿ. ಪಾರಿಭಾಷಿಕ ಕೋಶ ಕಟ್ಟುವವರು ಕುರ್ಚಿ ಬಿಟ್ಟು ಅಡಿಕೆಯ ಹಂಡೆಯ ಬಳಿಗೂ ತೊಗಲಿನ ಬಾನಿಯ ಬಳಿಗೂ ಹೋಗಿ ಕೇಳಿ ಬರಲಿ.

ಹೋಗುವ ದಾರಿಯಲ್ಲಿ ಮಸ್ಕಿಯಲ್ಲಿಯೂ ಇಳಿಯಲಿ. 1915ರಲ್ಲಿ ಬೀಡನ್ ಎಂಬ ಗಣಿ ಎಂಜಿನಿಯರನಿಗೆ ಅಲ್ಲಿ ಸಿಕ್ಕ ಶಾಸನದಲ್ಲಿ ಅಶೋಕನ ಹೆಸರು ಇರುವುದು ಎಲ್ಲರಿಗೂ ಗೊತ್ತು. ಅದರ ತಾತ್ಪರ್ಯ ಅಷ್ಟು ಜನರಿಗೆ ಗೊತ್ತಿಲ್ಲ: ಈ ಗುರಿಯನ್ನು ದೊಡ್ಡವರು ಮಾತ್ರ ಮುಟ್ಟಬಲ್ಲರೆಂದು ತಿಳಿಯಬಾರದು, ಸಣ್ಣವರೂ ಮುಟ್ಟಬಲ್ಲರು. ಚಕ್ರವರ್ತಿ ಅದನ್ನು ಬರೆಯಿಸಿದ್ದು ಪಂಡಿತರ ಸಂಸ್ಕೃತದಲ್ಲಿ ಅಲ್ಲ, ಪ್ರಾಕೃತದಲ್ಲಿ. ಎರಡು ಸಾವಿರ ವರ್ಷಗಳ ಹಿಂದೆ ನಮ್ಮ ಬಂಡೆಗೆ ತಿಳಿದಿದ್ದ ಈ ಮಾತು ನಮ್ಮ ಪಠ್ಯಪುಸ್ತಕಕ್ಕೆ ಇನ್ನೂ ತಿಳಿಯಬೇಡವೆ?