ಆಚಂದ್ರಾರ್ಕ: ಶಾಸನಗಳು ಉಳಿಸಿಕೊಟ್ಟ ಅವ್ಯಯ

‘ಆಚಂದ್ರಾರ್ಕ’ ಎಂಬುದು ಒಂದು ಕ್ರಿಯೆ ಎಷ್ಟು ಕಾಲ ನಡೆಯಬೇಕು ಎಂಬುದನ್ನು ಹೇಳುವ ಅವ್ಯಯ. ಅರ್ಕ ಎಂದರೆ ಸೂರ್ಯ. ಚಂದ್ರ ಸೂರ್ಯರು ಇರುವವರೆಗೆ ಎಂಬುದು ಪದದ ಅರ್ಥ. ಇಂದು ಅದು ಅಪರೂಪ. ಆಶೀರ್ವಚನದಲ್ಲೋ ಅಭಿನಂದನ ಗ್ರಂಥದ ಮುನ್ನುಡಿಯಲ್ಲೋ ಆಗೊಮ್ಮೆ ಈಗೊಮ್ಮೆ ಕಾಣಿಸಿಕೊಳ್ಳುತ್ತದೆ. ಕರ್ನಾಟಕದ ಶಾಸನಗಳಲ್ಲಿ ಮಾತ್ರ ಇದು ಶತಮಾನಗಳ ಕಾಲ ದಿನಬಳಕೆಯ ಪದವಾಗಿತ್ತು. ಅಲ್ಲಿ ಅದಕ್ಕೆ ಎರಡು ಸ್ಥಾನಗಳಿದ್ದವು. ದೊರೆಯ ಆಳ್ವಿಕೆಯನ್ನು ಹೇಳುವ ಸಾಲಿನಲ್ಲಿ ಒಮ್ಮೆ, ಗುಡಿ ಬಸದಿ ಅಗ್ರಹಾರಗಳಿಗೆ ಬಿಟ್ಟ ದತ್ತಿಯನ್ನು ಹೇಳುವ ಸಾಲಿನಲ್ಲಿ ಇನ್ನೊಮ್ಮೆ. ಪದ ಒಂದೇ ಆದರೂ ಮೊದಲನೆಯ ಕಡೆ ಅದು ಹಾರೈಕೆ, ಎರಡನೆಯ ಕಡೆ ಕರಾರು.

ವ್ಯಾಕರಣದ ಪ್ರಕಾರ ಇದು ಅವ್ಯಯೀಭಾವ ಸಮಾಸ. ಮೊದಲ ಅಕ್ಷರವಾದ ‘ಆ’ ಎಂಬುದು ಸಂಸ್ಕೃತದ ‘ಆಙ್’. ಮರ್ಯಾದೆ ಮತ್ತು ಅಭಿವಿಧಿ ಎಂಬ ಎರಡು ಅರ್ಥಗಳಲ್ಲಿ ಅದು ಸಮಾಸಕ್ಕೆ ಸೇರುತ್ತದೆಂದು ಪಾಣಿನಿ ಅಷ್ಟಾಧ್ಯಾಯಿಯ ಎರಡನೆಯ ಅಧ್ಯಾಯದ ಮೊದಲ ಪಾದದಲ್ಲಿ ವಿಧಿಸುತ್ತಾನೆ. ಗಡಿಯನ್ನು ಮುಟ್ಟದೆ ಅಲ್ಲಿಯವರೆಗೆ ಎಂಬುದು ಮರ್ಯಾದೆ. ಗಡಿಯನ್ನೂ ಒಳಗೊಂಡು ಎಂಬುದು ಅಭಿವಿಧಿ. ಆಬಾಲವೃದ್ಧ, ಆಜೀವ, ಆಮರಣ, ಆಸೇತುಹಿಮಾಚಲ ಎಂಬ ಮಾತುಗಳಲ್ಲಿರುವುದೂ ಇದೇ ‘ಆ’. ಇವು ಮನುಷ್ಯರ ವಯಸ್ಸನ್ನೋ ಆಯುಸ್ಸನ್ನೋ ನಾಡಿನ ಮೇರೆಯನ್ನೋ ಅಳೆಯುತ್ತವೆ. ಆಚಂದ್ರಾರ್ಕದ ಅಳತೆಗೋಲು ಆಕಾಶದಲ್ಲಿದೆ. ಯಾವ ರಾಜವಂಶದ ಲೆಕ್ಕಕ್ಕೂ, ಯಾವ ಶಕವರ್ಷದ ಎಣಿಕೆಗೂ ಸಿಗದ ಗಡುವು ಅದು.

ಕನ್ನಡ ಶಾಸನಗಳಲ್ಲಿ ಪದ ಹಲವು ರೂಪ ತಾಳಿತು. ಆಚಂದ್ರಾರ್ಕಂ, ಆಚಂದ್ರತಾರಂ, ಚಂದ್ರಾರ್ಕಸ್ಥಾಯಿಯಾಗಿ, ಆಚಂದ್ರಾರ್ಕಸ್ಥಾಯಿಯಾಗಿ ಎಂಬ ರೂಪಗಳು ಊರೂರಿನ ಕಲ್ಲುಗಳಲ್ಲಿವೆ. ಎಲ್ಲಕ್ಕಿಂತ ಕುತೂಹಲ ಹುಟ್ಟಿಸುವುದು ‘ಆಚಂದ್ರಾರ್ಕತಾರಂಬರಂ’ ಎಂಬ ರೂಪ. ಇದರ ಕೊನೆಯ ಭಾಗವನ್ನು ತಾರಾ ಮತ್ತು ಅಂಬರ ಎಂದು ಬಿಡಿಸಿ ‘ನಕ್ಷತ್ರ, ಆಕಾಶ’ ಎಂದು ಅರ್ಥ ಹೇಳಬೇಕೆನಿಸುತ್ತದೆ. ಆದರೆ ಹಾಗೆ ಸಂಧಿಯಾಗಿದ್ದರೆ ‘ತಾರಾಂಬರ’ ಎಂಬ ದೀರ್ಘರೂಪ ಬರಬೇಕಿತ್ತು. ಕಲ್ಲಿನಲ್ಲಿರುವುದು ಹ್ರಸ್ವ. ಆದ್ದರಿಂದ ‘ತಾರಂ’, ‘ಬರಂ’ ಎಂದು ಬಿಡಿಸುವುದೇ ಸರಿ. ಶಾಸನತಜ್ಞ ಜೆ. ಎಫ್. ಫ್ಲೀಟ್ ಕೂಡ ಹಾಗೆಯೇ ಬಿಡಿಸಿ ಅಚ್ಚು ಮಾಡಿದ. ‘ಬರಂ’ ಎಂಬುದು ಹಳಗನ್ನಡದ ‘ವರಂ’, ಇಂದಿನ ‘ವರೆಗೆ’. ಅಂದರೆ ಒಂದೇ ಪದದ ಮುಂದೆ ಸಂಸ್ಕೃತದ ‘ಆ’, ಹಿಂದೆ ಕನ್ನಡದ ‘ಬರಂ’. ಎರಡರ ಅರ್ಥವೂ ‘ವರೆಗೆ’. ಸಂಸ್ಕೃತದ ಸಮಾಸವನ್ನು ಕನ್ನಡದ ವಾಕ್ಯಕ್ಕೆ ಕೂರಿಸುವಾಗ ಶಾಸನಕವಿಗೆ ಕನ್ನಡದ ಪ್ರತ್ಯಯವೂ ಬೇಕೆನಿಸಿತು.

ರಾಷ್ಟ್ರಕೂಟರ ಸಂಸ್ಕೃತ ತಾಮ್ರಪಟಗಳು ಈ ಪಟ್ಟಿಯನ್ನು ಇನ್ನೂ ಉದ್ದಕ್ಕೆ ಬೆಳೆಸುತ್ತವೆ. ಚಂದ್ರ ಸೂರ್ಯರ ಜೊತೆಗೆ ಅರ್ಣವ, ಕ್ಷಿತಿ, ಸರಿತ್, ಪರ್ವತಗಳೂ ಸೇರಿ, ಅವುಗಳೊಂದಿಗೆ ಸಮಕಾಲೀನವಾಗಿ ದತ್ತಿ ಉಳಿಯಬೇಕೆಂಬ ದೀರ್ಘ ಸಮಾಸ ಅಲ್ಲಿದೆ. ವಲಭಿಯ ಮೈತ್ರಕರ ಪಟಗಳಲ್ಲೂ ಇದೇ ಬಗೆಯ ಮಾತಿದೆ. ಕನ್ನಡ ಶಿಲಾಶಾಸನಗಳು ಕಡಲು ಬೆಟ್ಟ ಹೊಳೆಗಳನ್ನು ಬಿಟ್ಟು ಚಂದ್ರ, ಸೂರ್ಯ, ತಾರೆಗಳಿಗೆ ನಿಂತವು.

ರಾಜಕೀಯ ಬಳಕೆ ಎದ್ದು ಕಾಣುವುದು ಕಲ್ಯಾಣದ ಚಾಲುಕ್ಯರ ಶಾಸನಗಳಲ್ಲಿ. 973ರಲ್ಲಿ ತೈಲಪ ರಾಷ್ಟ್ರಕೂಟರನ್ನು ಸೋಲಿಸಿ ಕಟ್ಟಿದ ಈ ರಾಜ್ಯದ ಶಾಸನಗಳಿಗೆ ಒಂದು ಸಿದ್ಧ ಪೀಠಿಕೆ ಇತ್ತು. ಸಮಸ್ತಭುವನಾಶ್ರಯ, ಶ್ರೀಪೃಥ್ವೀವಲ್ಲಭ, ಮಹಾರಾಜಾಧಿರಾಜ, ಪರಮೇಶ್ವರ, ಪರಮಭಟ್ಟಾರಕ, ಸತ್ಯಾಶ್ರಯಕುಳತಿಳಕ, ಚಾಳುಕ್ಯಾಭರಣ ಎಂದು ಬಿರುದುಗಳ ಸಾಲು ಮುಗಿದ ಮೇಲೆ ಆಯಾ ದೊರೆಯ ಹೆಸರು ಬರುತ್ತದೆ. ಆತನ ವಿಜಯರಾಜ್ಯ ಉತ್ತರೋತ್ತರಾಭಿವೃದ್ಧಿ ಹೊಂದುತ್ತ ‘ಆಚಂದ್ರಾರ್ಕತಾರಂಬರಂ ಸಲುತ್ತಮಿರೆ’ ಎಂದು ಪೀಠಿಕೆ ಮುಗಿಯುತ್ತದೆ. ಹೆಸರಿನ ಜಾಗದಲ್ಲಿ ತ್ರೈಲೋಕ್ಯಮಲ್ಲ ಹೋಗಿ ತ್ರಿಭುವನಮಲ್ಲ ಬರುತ್ತಾನೆ. ಉಳಿದದ್ದು ಹಾಗೆಯೇ ಇರುತ್ತದೆ.

ಇಲ್ಲಿ ಗಮನಿಸಬೇಕಾದದ್ದು ‘ಸಲುತ್ತಮಿರೆ’ ಎಂಬ ಕ್ರಿಯಾರೂಪ. ರಾಜ್ಯ ನಡೆಯುತ್ತಿರಲು, ಆ ಹೊತ್ತಿನಲ್ಲಿ ಮುಂದಿನದು ನಡೆಯಿತು ಎಂದು ವಾಕ್ಯ ಮುಂದುವರಿಯುತ್ತದೆ. ಆ ಸಾಲಾದ ಮೇಲೆ ‘ತತ್ಪಾದಪದ್ಮೋಪಜೀವಿ’ ಎಂಬ ಮಾತಿನಿಂದ ಸಾಮಂತನೋ ದಂಡನಾಯಕನೋ ಪ್ರವೇಶಿಸುತ್ತಾನೆ. ಶಾಸನದ ನಿಜವಾದ ವಿಷಯ ಆತ ಮಾಡಿದ ದಾನ. ಆದರೂ ಮೊದಲು ಚಕ್ರವರ್ತಿಯ ರಾಜ್ಯ ಆಚಂದ್ರಾರ್ಕವಾಗಿ ನಡೆಯುತ್ತಿದೆಯೆಂದು ಹೇಳದೆ ಅವನ ಮಾತು ಶುರುವಾಗುವಂತಿರಲಿಲ್ಲ. ಹೀಗಾಗಿ ಈ ಅವ್ಯಯ ಹಾರೈಕೆಯಷ್ಟೇ ಆಗದೆ ಅಧೀನತೆಯನ್ನು ಒಪ್ಪಿಕೊಂಡದ್ದರ ಗುರುತೂ ಆಯಿತು. ಅದು ರಾಜ್ಯದ ಆಯುಸ್ಸನ್ನು ಕುರಿತ ಹೇಳಿಕೆಯಂತೂ ಆಗಿರಲಿಲ್ಲ. ಆರನೆಯ ವಿಕ್ರಮಾದಿತ್ಯ 1076ರಿಂದ 1126ರವರೆಗೆ ಆಳಿ, ತನ್ನ ಹೆಸರಿನಲ್ಲೇ ಚಾಲುಕ್ಯ ವಿಕ್ರಮ ಶಕೆಯನ್ನು ನಡೆಸಿದ. ಅವನು ತೀರಿ ನಾಲ್ಕು ದಶಕ ತುಂಬುವ ಮೊದಲೇ ಕಲಚುರಿ ಬಿಜ್ಜಳ ಕಲ್ಯಾಣವನ್ನು ಹಿಡಿದಿದ್ದ. ಹನ್ನೆರಡನೆಯ ಶತಮಾನ ಮುಗಿಯುವ ಹೊತ್ತಿಗೆ ಸೇವುಣರೂ ಹೊಯ್ಸಳರೂ ಆ ರಾಜ್ಯವನ್ನು ಹಂಚಿಕೊಂಡಿದ್ದರು.

ಧಾರ್ಮಿಕ ಬಳಕೆಯ ದಾರಿ ಬೇರೆ. ದತ್ತಿಯ ಭಾಗದಲ್ಲಿ ಶಾಸನದ ಭಾಷೆ ಏಕಾಏಕಿ ಕರಾರುವಾಕ್ಕಾಗುತ್ತದೆ. ಸ್ಥಾನಾಚಾರ್ಯನ ಕಾಲು ತೊಳೆದು ಧಾರಾಪೂರ್ವಕವಾಗಿ ಕೊಟ್ಟದ್ದು, ಸರ್ವನಮಸ್ಯವಾಗಿ ಬಿಟ್ಟದ್ದು, ಸರ್ವಬಾಧಾಪರಿಹಾರವಾಗಿ ಸಲ್ಲಬೇಕಾದದ್ದು ಎಂದು ಒಂದರ ಹಿಂದೆ ಒಂದು ಕ್ರಿಯಾವಿಶೇಷಣ ಬರುತ್ತದೆ. ಇವು ಅಲಂಕಾರದ ಮಾತುಗಳಲ್ಲ. ಧಾರಾಪೂರ್ವಕ ಎಂದರೆ ನೀರೆರೆದು ಸ್ವಾಮ್ಯವನ್ನು ಕೈದಾಟಿಸಿದ್ದು. ಸರ್ವಬಾಧಾಪರಿಹಾರ ಎಂದರೆ ತೆರಿಗೆ ಬಿಟ್ಟಿಗಳ ಕಾಟವಿಲ್ಲದ್ದು. ಆಚಂದ್ರಾರ್ಕ ಎಂದರೆ ಅವಧಿಯ ಮಿತಿಯಿಲ್ಲದ್ದು. ಸೇವೆಗೆ ಕೊಟ್ಟ ಉಂಬಳಿ ಸೇವೆ ನಿಂತಾಗ ಹಿಂದಕ್ಕೆ ಹೋಗಬಹುದು, ಗುತ್ತಗೆಗೆ ವರ್ಷಗಳ ಲೆಕ್ಕ ಇರಬಹುದು. ದೇವರ ಹೆಸರಿನ ಭೂಮಿಗೆ ಅಂಥ ಲೆಕ್ಕವಿಲ್ಲವೆಂದು ಹೇಳುವುದೇ ಈ ಪದದ ಕೆಲಸ.

ವಿಜಯನಗರ ಕಾಲದ ದಾನಪತ್ರಗಳಲ್ಲಿ ಈ ಕರಾರು ಇನ್ನಷ್ಟು ಬಿಗಿಯಾಯಿತು. ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯ ಎಂಬ ಅಷ್ಟಭೋಗಗಳನ್ನು ಹೆಸರಿಸಿ, ಪುತ್ರಪೌತ್ರ ಪಾರಂಪರ್ಯವಾಗಿ ಆಚಂದ್ರಾರ್ಕಸ್ಥಾಯಿಯಾಗಿ ಸುಖದಿಂದ ಭೋಗಿಸಿಕೊಂಡು ಬರುವುದೆಂದು ಬರೆಯುವ ರೂಢಿ ಬಂತು. ಇಂದಿಗೂ ಕನ್ನಡದ ಕ್ರಯಪತ್ರಗಳಲ್ಲಿ ‘ಪುತ್ರಪೌತ್ರ ಪಾರಂಪರ್ಯವಾಗಿ ಅನುಭವಿಸಿಕೊಂಡು ಬರತಕ್ಕದ್ದು’ ಎಂಬ ಒಕ್ಕಣೆ ಉಳಿದಿದೆ. ಚಂದ್ರಸೂರ್ಯರು ಪತ್ರದಿಂದ ಹೊರಗೆ ಹೋದರು, ಮಕ್ಕಳು ಮೊಮ್ಮಕ್ಕಳು ಉಳಿದರು.

ಕೊನೆಯಿಲ್ಲದ ಅವಧಿಯನ್ನು ಬರೆಯುವುದು ಸುಲಭ, ನಡೆಸುವುದು ಕಷ್ಟ. ಅದಕ್ಕೆ ಬೇಕಾದ ಏರ್ಪಾಡನ್ನೂ ಶಾಸನಗಳು ಹೇಳುತ್ತವೆ. ನಂದಾದೀವಿಗೆ ಇದಕ್ಕೆ ಒಳ್ಳೆಯ ಉದಾಹರಣೆ. ಗದ್ಯಾಣದ ಲೆಕ್ಕದಲ್ಲಿ ಹೊನ್ನನ್ನು ಊರಿನ ಮಹಾಜನರ ಬಳಿಯೋ ನಖರದ ವರ್ತಕರ ಬಳಿಯೋ ಇಡುತ್ತಿದ್ದರು. ಅಸಲನ್ನು ಮುಟ್ಟುವಂತಿಲ್ಲ, ಬಡ್ಡಿಯಿಂದ ಎಣ್ಣೆ. ತಮಿಳುನಾಡಿನ ಚೋಳ ಶಾಸನಗಳಲ್ಲಿ ಇದೇ ಕೆಲಸಕ್ಕೆ ಕುರಿಗಳನ್ನು ಬಿಡುತ್ತಿದ್ದರು, ಒಂದು ದೀಪಕ್ಕೆ ಸಾಮಾನ್ಯವಾಗಿ 90 ಅಥವಾ 96. ಅವುಗಳ ಹೆಸರೇ ಸಾಯದ, ಮುಪ್ಪಾಗದ ಕುರಿಗಳು. ಹಳೆಯವು ಸತ್ತರೂ ಮರಿಗಳಿಂದ ಸಂಖ್ಯೆ ತುಂಬಬೇಕಾದದ್ದು ಕುರುಬನ ಹೊಣೆ. ತುಪ್ಪ ತಪ್ಪದೆ ಗುಡಿಗೆ ಬರಬೇಕು. ಅಲ್ಲಿಯೂ ಅವಧಿಯ ಮಾತು ಚಂದ್ರಾದಿತ್ಯರ ಹೆಸರಿನಲ್ಲೇ ಇದೆ.

ಓದು ಬಾರದವರಿಗೂ ಕರಾರು ತಿಳಿಯಬೇಕಿತ್ತು. ಶಾಸನದ ಕಲ್ಲಿನ ನೆತ್ತಿಯ ಮೇಲೆ ಸೂರ್ಯ ಚಂದ್ರರನ್ನು ಕೊರೆಯುತ್ತಿದ್ದುದು ಆ ಕಾರಣಕ್ಕೆ. ನಡುವೆ ಶಿವಲಿಂಗ, ಪೂಜಿಸುವ ಅರ್ಚಕ, ಕರುವಿಗೆ ಹಾಲೂಡುವ ಹಸು. ಬಸದಿಯ ಶಾಸನವಾದರೆ ಜಿನಮೂರ್ತಿ. ಮೇಲೆ ಒಂದು ಬಿಲ್ಲೆ, ಒಂದು ಬಾಗುಗೆರೆ. ಬರಹದಲ್ಲಿ ಆಚಂದ್ರಾರ್ಕ ಎಂದು ಓದುವುದನ್ನೇ ಕಣ್ಣು ಮೇಲ್ಗಡೆ ಚಿತ್ರವಾಗಿ ನೋಡುತ್ತದೆ. ಕೆಳಗಡೆ, ಶಾಸನದ ಕೊನೆಯಲ್ಲಿ, ಶಾಪ. ದತ್ತಿಗೆ ಅಳುಪಿದವನು ಅರುವತ್ತು ಸಾವಿರ ವರ್ಷ ಅಮೇಧ್ಯದಲ್ಲಿ ಹುಳುವಾಗುತ್ತಾನೆ, ವಾರಣಾಸಿಯಲ್ಲಿ ಕವಿಲೆಗಳನ್ನು ಕೊಂದ ಪಾಪಕ್ಕೆ ಹೋಗುತ್ತಾನೆ ಎಂಬ ಮಾತುಗಳು ಸಿದ್ಧರೂಪದಲ್ಲಿ ಸಿಗುತ್ತವೆ. ಅವುಗಳ ಜೊತೆಗೆ, ಕೊಡುವುದಕ್ಕಿಂತ ಕೊಟ್ಟದ್ದನ್ನು ಕಾಯುವುದು ಹೆಚ್ಚಿನದೆಂದು ಹೇಳಿ, ಮುಂದೆ ಬರುವ ಅರಸರನ್ನು ರಾಮಚಂದ್ರನೇ ಬೇಡಿಕೊಳ್ಳುವಂತೆ ರಚಿಸಿದ ಶ್ಲೋಕಗಳೂ ಇವೆ. ತನ್ನ ವಂಶದ್ದಲ್ಲದ ಅರಸ ನಾಳೆ ಬರುತ್ತಾನೆ ಎಂಬುದು ಶಾಸನ ಬರೆಸಿದವನಿಗೆ ಚೆನ್ನಾಗಿ ಗೊತ್ತಿತ್ತು. ಪೀಠಿಕೆಯಲ್ಲಿ ಆಚಂದ್ರಾರ್ಕವಾದ ರಾಜ್ಯ, ಕೊನೆಯಲ್ಲಿ ಬೇರೊಬ್ಬ ಅರಸನ ಕೈಗೆ ಹೋಗುವ ರಾಜ್ಯ. ಎರಡೂ ಒಂದೇ ಕಲ್ಲಿನಲ್ಲಿವೆ.

ಹೀಗೆ ರಾಜ್ಯ ಕೈಬದಲಾದದ್ದಕ್ಕೆ ಬಳ್ಳಿಗಾವಿಯ ಕೇದಾರೇಶ್ವರ ಗುಡಿ ಸಾಕ್ಷಿ. ಅಲ್ಲಿನ ಕೋಡಿಯ ಮಠ ಕಾಳಾಮುಖ ಯತಿಗಳ ಹೆಸರಾಂತ ವಿದ್ಯಾಕೇಂದ್ರವಾಗಿತ್ತು. ಆ ಮಠಕ್ಕೆ ಚಾಲುಕ್ಯರ ಕಾಲದಲ್ಲಿ ದತ್ತಿಗಳು ಬಂದವು, 1162ರಲ್ಲಿ ಕಲಚುರಿ ಬಿಜ್ಜಳನ ಕಾಲದಲ್ಲಿ ಬಂದವು, ಹೊಯ್ಸಳ ಇಮ್ಮಡಿ ಬಲ್ಲಾಳನ ಕಾಲದಲ್ಲೂ ಬಂದವು. ಪೀಠಿಕೆಯ ದೊರೆಗಳು ಬದಲಾದರು, ದತ್ತಿ ಪಡೆಯುವ ಮಠ ಅದೇ ಆಗಿತ್ತು.

ರಾಜಕೀಯವೂ ಧರ್ಮವೂ ಒಂದೇ ವಾಕ್ಯದಲ್ಲಿ ಕೂಡಿದ ಪ್ರಸಿದ್ಧ ಉದಾಹರಣೆ 1368ರ ಶ್ರವಣಬೆಳಗೊಳದ ಶಾಸನ. ಆನೆಗೊಂದಿ, ಹೊಸಪಟ್ಟಣ, ಪೆನುಗೊಂಡೆ, ಕಲ್ಲೆಹ ಮೊದಲಾದ ಕಡೆಯ ಜೈನರು ಶ್ರೀವೈಷ್ಣವರಿಂದ ಆಗುತ್ತಿದ್ದ ಅನ್ಯಾಯವನ್ನು ವಿಜಯನಗರದ ಬುಕ್ಕರಾಯನಿಗೆ ಬಿನ್ನವಿಸಿಕೊಂಡರು. ಅರಸ ಜೈನರ ಕೈಯನ್ನು ಹಿಡಿದು ಹದಿನೆಂಟು ನಾಡಿನ ಶ್ರೀವೈಷ್ಣವರ ಕೈಯಲ್ಲಿಟ್ಟು, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ಹೇಳಿ, ಪಂಚಮಹಾವಾದ್ಯ ಕಲಶಗಳ ಹಕ್ಕು ಜೈನರಿಗೂ ಉಂಟೆಂದು ತೀರ್ಮಾನ ಕೊಟ್ಟ. ವೈಷ್ಣವರು ಜೈನ ದರ್ಶನವನ್ನು ಚಂದ್ರಸೂರ್ಯರು ಇರುವವರೆಗೆ ಕಾಯಬೇಕೆಂಬುದು ಅದರ ಕಟ್ಟಳೆ. ಇಲ್ಲಿ ಈ ಮಾತು ಭೂಮಿಗೆ ಸೇರಿಲ್ಲ. ಎರಡು ಮತಗಳ ನಡುವಿನ ಒಪ್ಪಂದಕ್ಕೆ ಸೇರಿದೆ. ಅದನ್ನು ನಡೆಸುವ ಖರ್ಚಿನ ದಾರಿಯನ್ನೂ ಶಾಸನವೇ ಹೇಳುತ್ತದೆ. ಜೈನರ ಮನೆಯೊಂದಕ್ಕೆ ವರ್ಷಕ್ಕೆ ಒಂದು ಹಣದಂತೆ ಎತ್ತಿ, ತಿರುಮಲೆಯ ತಾತಯ್ಯ ಬೆಳಗೊಳದ ದೇವರಿಗೆ ಇಪ್ಪತ್ತು ಮಂದಿ ಕಾವಲಿನವರನ್ನು ನೇಮಿಸಬೇಕು. ಮಿಕ್ಕ ಹಣದಲ್ಲಿ ಹಾಳಾದ ಜಿನಾಲಯಗಳಿಗೆ ಸುಣ್ಣ ಬಳಿಸಬೇಕು.

ನೆರೆಯ ಭಾಷೆಗಳಲ್ಲೂ ಈ ಮಾತು ಬಾಳಿದೆ. ತೆಲುಗಿನಲ್ಲಿ ‘ಆಚಂದ್ರಾರ್ಕಂ’ ಬರಹದ ಭಾಷೆಯಲ್ಲಿ ಈಗಲೂ ಉಂಟು. ಮರಾಠಿಯಲ್ಲಿ ‘ಯಾವಚ್ಚಂದ್ರದಿವಾಕರೌ’ ಎಂಬ ಸಂಸ್ಕೃತ ಪದಪುಂಜ ಹಾಗೆಯೇ ನುಡಿಗಟ್ಟಾಗಿದೆ. ಉತ್ತರ ಭಾರತದ ರಾಜಕೀಯ ಮೆರವಣಿಗೆಗಳಲ್ಲಿ ತೀರಿಕೊಂಡ ನಾಯಕನ ಹೆಸರು ಸೂರ್ಯ ಚಂದ್ರ ಇರುವ ತನಕ ಉಳಿಯುತ್ತದೆಂದು ಹಿಂದಿಯಲ್ಲಿ ಕೂಗುವ ಘೋಷಣೆ, ಚಾಲುಕ್ಯರ ಪೀಠಿಕೆಯ ಜಾತಿಯದೇ.

ಕರಾರಾಗಿ ಈ ಪದದ ಬಲ ಕುಂದಿದ್ದು ಆಧುನಿಕ ಕಂದಾಯ ಆಡಳಿತದಲ್ಲಿ. ಮುಂಬಯಿ ಪ್ರಾಂತ್ಯದ 1852ರ ಕಾಯಿದೆಯಡಿ ಇನಾಂ ಕಮಿಷನ್ನು ಧಾರವಾಡ, ಬೆಳಗಾವಿ ಕಡೆಯ ಇನಾಂದಾರರಿಂದ ದಾಖಲೆ ಕೇಳಿತು. ಹಳೆಯ ಸನದು ಇದ್ದರಷ್ಟೇ ಸಾಲದು, ಸರ್ಕಾರ ಅದನ್ನು ಒಪ್ಪಬೇಕು ಎಂಬ ಹೊಸ ನಿಯಮ ಬಂತು. ಮೈಸೂರಿನಲ್ಲಿ 1954ರ ಕಾಯಿದೆ ವೈಯಕ್ತಿಕ ಇನಾಂಗಳನ್ನೂ, 1955ರ ಕಾಯಿದೆ ಧಾರ್ಮಿಕ ಮತ್ತು ಧರ್ಮಾದಾಯ ಇನಾಂಗಳನ್ನೂ ರದ್ದು ಮಾಡಿದವು. ಗುಡಿಗಳ ಭೂಮಿಯ ಬದಲಿಗೆ ಸರ್ಕಾರದಿಂದ ತಸ್ತೀಕು ಹಣ ಬರತೊಡಗಿತು. ಉಳುವವನಿಗೆ ಹಕ್ಕು ಸಿಗಬೇಕಾದರೆ ಆಚಂದ್ರಾರ್ಕದ ಕರಾರು ಮುರಿಯಲೇಬೇಕಿತ್ತು. ಕೊಟ್ಟವನ ಪುಣ್ಯವನ್ನು ಶಾಶ್ವತಗೊಳಿಸಿದ ಪದ, ಆ ಮಣ್ಣಿನಲ್ಲಿ ದುಡಿಯುವವನ ಗೇಣಿಯನ್ನೂ ಅಷ್ಟೇ ಶಾಶ್ವತಗೊಳಿಸಿತ್ತು ಎಂಬುದನ್ನು ಮರೆಯುವಂತಿಲ್ಲ.

ಇಂದಿನ ಕನ್ನಡದಲ್ಲಿ ಈ ಅವ್ಯಯವನ್ನು ಬಳಸುವವರು ಎರಡು ಸಂಗತಿ ಗಮನಿಸಬೇಕು. ‘ಆಚಂದ್ರಾರ್ಕ ಪರ್ಯಂತ’ ಎಂಬ ರೂಪದಲ್ಲಿ ‘ವರೆಗೆ’ ಎಂಬ ಅರ್ಥ ಎರಡು ಸಲ ಬರುತ್ತದೆ. ‘ಆಮರಣಾಂತ’ ಎಂಬುದರಲ್ಲೂ ಅಷ್ಟೇ. ಶಾಸನಗಳ ‘ತಾರಂಬರಂ’ನಲ್ಲೇ ಇಂಥ ಇಮ್ಮಡಿ ಇರುವುದರಿಂದ ಇದನ್ನು ತಪ್ಪೆಂದು ತಿದ್ದುವುದು ಬೇಡ. ಆದರೂ ‘ಆಚಂದ್ರಾರ್ಕ’ ಅಥವಾ ‘ಆಚಂದ್ರಾರ್ಕವಾಗಿ’ ಎಂದರೆ ಅರ್ಥ ಪೂರ್ತಿಯಾಗುತ್ತದೆ. ಎರಡನೆಯದಾಗಿ, ಈ ಪದ ಹೊಗಳಿಕೆಗೆ ಬಂದಾಗ ಹಗುರ, ಹೊಣೆಗೆ ಬಂದಾಗ ಭಾರ. ಸನ್ಮಾನಪತ್ರದ ಕೀರ್ತಿಗೆ ‘ಬಹುಕಾಲ’ ಎಂದರೆ ಸಾಕು. ಒಂದು ಕೆಲಸವನ್ನು ತಾನೂ ತನ್ನ ನಂತರದವರೂ ನಿಲ್ಲಿಸದೆ ನಡೆಸುವ ಏರ್ಪಾಡು ಇರುವ ಕಡೆ ಮಾತ್ರ ಆಚಂದ್ರಾರ್ಕ ಎಂದು ಬರೆಯುವುದು ಸರಿಯಾದ ಬಳಕೆ.