ಮಾತಿಲ್ಲದೆ ಹೇಳಿದ ದುಃಖ

ಕೆಲವು ವರ್ಷಗಳ ಹಿಂದೆ ನಮ್ಮ ಶಾಲೆಯ ಮೂರನೆಯ ತರಗತಿಯ ಬಾಲಕನೊಬ್ಬನು ಇದ್ದಕ್ಕಿದ್ದಂತೆ ಮಾತು ಬಿಟ್ಟನು. ಪದ್ಯ ಹೇಳೆಂದರೆ ತಲೆ ತಗ್ಗಿಸುವನು. ಹಾಜರಿ ಕೂಗಿದರೆ ಕೈ ಮಾತ್ರ ಎತ್ತುವನು. ಹಟವೆಂದು ಬಗೆದು ನಾವು ಅವನನ್ನು ಬೆಂಚಿನ ಮೇಲೆ ನಿಲ್ಲಿಸಿದೆವು. ಮನೆಯ ಕಲಹದಿಂದ ಅವನ ತಾಯಿ ತವರಿಗೆ ಹೊರಟುಹೋಗಿದ್ದಳೆಂಬುದು ಎರಡು ತಿಂಗಳ ಮೇಲೆ ತಿಳಿಯಿತು. ಅಂದಿನ ಶಿಕ್ಷೆ ಇಂದಿಗೂ ನಮ್ಮನ್ನು ಚುಚ್ಚುತ್ತಿದೆ.

ಇತ್ತೀಚೆಗೆ ಗಿರೀಶ್ ಕಾಸರವಳ್ಳಿಯವರ ‘ಘಟಶ್ರಾದ್ಧ’ ಚಿತ್ರವನ್ನು ಮತ್ತೊಮ್ಮೆ ನೋಡಿದಾಗ ಆ ಬಾಲಕನ ಮುಖವೇ ಕಣ್ಣಮುಂದೆ ನಿಂತಿತು. ಯು.ಆರ್. ಅನಂತಮೂರ್ತಿಯವರ ಕಥೆಯನ್ನಾಧರಿಸಿದ ಈ ಕಪ್ಪು-ಬಿಳುಪು ಚಿತ್ರವು 1977ರ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಪಡೆಯಿತು. ಜೀರ್ಣೋದ್ಧಾರಗೊಂಡ ಪ್ರತಿಯನ್ನು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು.

ವೇದಪಾಠಶಾಲೆಗೆ ಬಂದ ಪುಟ್ಟ ನಾಣಿಗೆ ಗುರುಗಳಾದ ಉಡುಪರ ವಿಧವೆ ಮಗಳು ಯಮುನೆಯೇ ಆಸರೆ. ಅವಳು ಗರ್ಭಿಣಿ, ಕಾರಣನಾದವನು ನಮ್ಮ ವೃತ್ತಿಯವನೇ, ಒಬ್ಬ ಶಾಲಾ ಮಾಸ್ತರ. ಊರು ಪಿಸುಗುಟ್ಟುತ್ತದೆ. ಹುಡುಗನಿಗೆ ಯಾರೂ ಏನನ್ನೂ ಬಿಡಿಸಿ ಹೇಳುವುದಿಲ್ಲ. ಅವನು ಕಂಡಷ್ಟನ್ನು ನಾವೂ ಕಾಣುತ್ತೇವೆ. ಅವನು ಬೆದರಿದಲ್ಲಿ ನಾವೂ ಬೆದರುತ್ತೇವೆ. ಕೊನೆಗೆ ತಂದೆಯೇ ಜೀವಂತ ಮಗಳಿಗೆ ಘಟಶ್ರಾದ್ಧ ಮಾಡಿ, ಸತ್ತವಳೆಂದು ಸಾರುತ್ತಾನೆ. ತನ್ನ ತಂದೆಯೊಡನೆ ಊರಿಗೆ ಹೊರಟ ನಾಣಿ, ತಲೆ ಬೋಳಿಸಿಕೊಂಡು ಮರದಡಿ ಒಂಟಿಯಾಗಿ ಕುಳಿತ ಯಮುನೆಯನ್ನು ನೋಡುತ್ತಾನೆ. ಅಲ್ಲಿ ಒಂದು ಸಂಭಾಷಣೆಯಿದ್ದಿದ್ದರೆ ನಾವು ಅತ್ತು ಹಗುರಾಗುತ್ತಿದ್ದೆವೇನೋ. ಮಾತಿಲ್ಲದ ಕಾರಣ ಆ ಭಾರವನ್ನು ಹೊತ್ತೇ ಮನೆಗೆ ಬರುತ್ತೇವೆ.

ರಾಯದುರ್ಗ, ಮಡಕಶಿರಾ ಸೀಮೆಯ ನಮ್ಮ ಮನೆಗಳಲ್ಲಿ ಕನ್ನಡವೂ ಉಂಟು, ತೆಲುಗೂ ಉಂಟು. ಆದರೆ ಮನೆಯ ನೋವಿನ ವಿಷಯ ಬಂದಾಗ ಎರಡು ಭಾಷೆಗಳೂ ಬಾಯಿ ಮುಚ್ಚುತ್ತವೆ. ‘ಮಕ್ಕಳ ಮುಂದೆ ಬೇಡ’ ಎಂದು ಬಾಗಿಲು ಎಳೆದುಕೊಳ್ಳುತ್ತೇವೆ. ಬಾಗಿಲ ಹೊರಗೆ ನಿಂತ ಮಗು ಎಲ್ಲವನ್ನೂ ಅರಿಯುತ್ತದೆ. ಅರಿತದ್ದನ್ನು ಹೇಳಲು ಮಾತ್ರ ಅದಕ್ಕೆ ನುಡಿಯಿಲ್ಲ.

ಈ ಚಿತ್ರವು ಎಳೆಯರಿಗಲ್ಲ. ಹಿರಿಯರು ಅವಶ್ಯವಾಗಿ ನೋಡಬೇಕು.

ಆ ಬಾಲಕನನ್ನು ಮುಂದೆ ದಿನವೂ ಶಾಲೆಯ ಗಿಡಗಳಿಗೆ ನೀರೆರೆಯಲು ಜೊತೆಗೆ ಕರೆದೊಯ್ದೆವು. ಏನನ್ನೂ ಕೇಳಲಿಲ್ಲ. ಒಂದು ಸಂಜೆ ಅವನೇ, “ಸಾರ್, ನಮ್ಮಮ್ಮ ಯಾವಾಗ ಬರ್ತಾಳೆ?” ಎಂದನು. ಉತ್ತರ ನಮಗೂ ತಿಳಿದಿರಲಿಲ್ಲ. ಬಿಂದಿಗೆಯನ್ನು ಕೆಳಗಿಟ್ಟು, ಅವನ ಪಕ್ಕದಲ್ಲಿ ಕುಳಿತೆವು.