ಹೆಸರಿನ ಅರ್ಥಕ್ಕೂ ಸಾಕ್ಷಿ ಬೇಕು

ಇಂದಿನ ಶಿಶುವಿಹಾರಗಳಲ್ಲಿ ‘ಆರವ್’ ಎಂಬ ಹೆಸರು ಮತ್ತೆ ಮತ್ತೆ ಕೇಳಿಸುತ್ತದೆ. ಅರ್ಥವೇನೆಂದರೆ ಹೆತ್ತವರು ‘ಶಾಂತ ಸ್ವಭಾವದವನು’ ಎನ್ನುತ್ತಾರೆ. ಮೊಬೈಲಿನಲ್ಲಿ ಓಡಾಡುವ ಪಟ್ಟಿಗಳಲ್ಲೂ ಹಾಗೇ ಬರೆದಿರುತ್ತದೆ. ಸಂಸ್ಕೃತ ಕೋಶ ಹೇಳುವುದೇ ಬೇರೆ. ‘ರವ’ ಎಂದರೆ ಸದ್ದು. ಹಕ್ಕಿಗಳ ಕಲರವ ಗೊತ್ತಿರುವ ಕನ್ನಡಿಗರಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ. ‘ಆರವ’ ಎಂದರೆ ಕೂಗು, ಗದ್ದಲ, ಮೊಳಗು. ಕೈಲಾಸದಡಿ ತೋಳು ಸಿಕ್ಕಿಕೊಂಡು ಮೂರು ಲೋಕ ನಡುಗುವಂತೆ ಅರಚಿದ್ದರಿಂದ ರಾವಣ ಎಂಬ ಹೆಸರು ಬಂತೆಂದು ರಾಮಾಯಣದ ಉತ್ತರಕಾಂಡ ಹೇಳುತ್ತದಲ್ಲ, ಅದೂ ಇದೇ ಧಾತುವಿನ ಮಾತು. ಸದ್ದಿಲ್ಲದ ಶಾಂತಿಯೇ ಬೇಕಿದ್ದರೆ ‘ನೀರವ’ ಎಂಬ ಹೆಸರಿತ್ತು.

ಮಗುವಿಗೆ ಹೆಸರಿಡುವಾಗ ನಾವು ಅದರ ಜೊತೆಗೆ ಒಂದು ಮಾತನ್ನೂ ಕೊಡುತ್ತೇವೆ: ನಿನ್ನ ಹೆಸರಿನ ಅರ್ಥ ಇದು, ಇದು ಬಂದದ್ದು ಇಲ್ಲಿಂದ, ಎಂದು. ಮಗು ಅದನ್ನು ನಂಬುತ್ತದೆ, ಬದುಕಿನುದ್ದಕ್ಕೂ ಕೇಳಿದವರಿಗೆಲ್ಲ ಹೇಳುತ್ತದೆ. ಯಾವ ಹೆಸರು ಚೆಂದ ಎನ್ನುವುದು ಆಯಾ ಮನೆಯವರಿಗೆ ಬಿಟ್ಟದ್ದು. ಆದರೆ ಹೆಸರಿನ ಬಗ್ಗೆ ಹೇಳುವ ಮಾತು ನಿಜವೋ ಸುಳ್ಳೋ ಎನ್ನುವುದು ಯಾರ ಇಷ್ಟಕ್ಕೂ ಬಿಟ್ಟದ್ದಲ್ಲ.

ತಪ್ಪು ಒಳಬರುವ ದೊಡ್ಡ ದಾರಿ ಇಂಗ್ಲಿಷ್ ಅಕ್ಷರಗಳದು. ಮಾಲಾ ಎಂದರೆ ಹಾರ, ಮಲ ಎಂದರೆ ಕೊಳೆ. ಇಂಗ್ಲಿಷಿನಲ್ಲಿ ಬರೆದರೆ ಎರಡೂ ಒಂದೇ. ‘ಅನಿಕಾ’ ಎಂದರೆ ದುರ್ಗೆ ಎಂದು ಪಟ್ಟಿಗಳು ಹೇಳುತ್ತವೆ. ಸಂಸ್ಕೃತದಲ್ಲಿರುವುದು ‘ಅನೀಕ’, ಅದರ ನೀ ದೀರ್ಘ, ಅರ್ಥ ಸೇನೆ. ಯುರೋಪಿನ ಅನಿಕಾ ಅನ್ನಾ ಎಂಬ ಹೆಸರಿನ ಮುದ್ದಿನ ರೂಪ. ಜೈನರ ಹನ್ನೊಂದನೆಯ ತೀರ್ಥಂಕರ ಶ್ರೇಯಾಂಸನಾಥನ ಹೆಸರು ‘ಶ್ರೇಯಸ್’ ಶಬ್ದದಿಂದ ಬಂದದ್ದು. ಕೊನೆಯ ಸಕಾರ ಶಕಾರವಾಗಿ ‘ಶ್ರೇಯಾಂಶ್’ ಆದೊಡನೆ ಅದಕ್ಕೆ ‘ಶ್ರೇಯಸ್ಸಿನ ಅಂಶ’ ಎಂಬ ಹೊಸ ಅರ್ಥ ಹುಟ್ಟಿಕೊಳ್ಳುತ್ತದೆ. ಹ್ರಸ್ವ ದೀರ್ಘಗಳನ್ನೂ ಮೂರು ಬಗೆಯ ಸಕಾರಗಳನ್ನೂ ಬೇರೆಬೇರೆಯಾಗಿ ತೋರಿಸಬಲ್ಲ ಲಿಪಿ ಕೈಯಲ್ಲಿದ್ದೂ ನಾವು ಪರಲಿಪಿಯಲ್ಲಿ ಹೆಸರು ಹುಡುಕುತ್ತಿದ್ದೇವೆ. ಮೊದಲು ಕನ್ನಡದಲ್ಲಿ ಬರೆದು ನೋಡಿದರೆ ಅರ್ಧ ಗೊಂದಲ ಅಲ್ಲೇ ಕಳೆಯುತ್ತದೆ.

ಇನ್ನೊಂದು ಒತ್ತಡ ಪಂಚಾಂಗದ ಕಡೆಯಿಂದ ಬರುತ್ತದೆ. 27 ನಕ್ಷತ್ರಗಳಿಗೆ ನಾಲ್ಕು ನಾಲ್ಕು ಪಾದಗಳಂತೆ 108 ಅಕ್ಷರಗಳಿವೆ. ಆರ್ದ್ರಾ ನಕ್ಷತ್ರಕ್ಕೆ ಕು, ಘ, ಙ, ಛ. ಹಸ್ತಕ್ಕೆ ಪು, ಷ, ಣ, ಠ. ಙಕಾರದಿಂದ, ಣಕಾರದಿಂದ ಹೆಸರು ಎಲ್ಲಿಂದ ತರುವುದು? ಹಿಂದಿನವರು ಜನ್ಮನಾಮವನ್ನು ಜಾತಕದಲ್ಲಿ ಬಿಟ್ಟು, ಕರೆಯಲು ಅಜ್ಜನದೋ ಮನೆದೇವರದೋ ಹೆಸರಿಡುತ್ತಿದ್ದರು. ಈಗ ಕರೆಯುವ ಹೆಸರೂ ಅದೇ ಅಕ್ಷರದಿಂದ ಶುರುವಾಗಬೇಕು, ಹೊಸದಾಗಿರಬೇಕು, ಚಿಕ್ಕದಾಗಿರಬೇಕು, ಅರ್ಥವೂ ದೈವಿಕವಾಗಿರಬೇಕು. ಇಷ್ಟೆಲ್ಲ ಬೇಡಿಕೆಗೆ ಭಾಷೆಯಲ್ಲಿ ಶಬ್ದ ಸಿಗದಿದ್ದಾಗ ಪಟ್ಟಿ ಮಾಡುವವರು ಶಬ್ದವನ್ನೂ ಅರ್ಥವನ್ನೂ ಹುಟ್ಟಿಸುತ್ತಾರೆ.

ಹುಟ್ಟಿಸಿದ ಹೆಸರೆಂದರೆ ಕೀಳು ಎಂದು ನಾನು ಹೇಳುತ್ತಿಲ್ಲ. ಮಂಗಳೂರಿನ ಕ್ರೈಸ್ತ ಮನೆಗಳಿಗೂ ಬಂದಿರುವ ‘ವನೆಸ್ಸಾ’ವನ್ನೇ ನೋಡಿ. ಗ್ರೀಕಿನಲ್ಲಿ ಅದರ ಅರ್ಥ ಚಿಟ್ಟೆ ಎಂದು ಹಲವು ಪಟ್ಟಿಗಳಲ್ಲಿದೆ. ನಿಜದಲ್ಲಿ ಐರ್ಲೆಂಡಿನ ಲೇಖಕ ಜೊನಾಥನ್ ಸ್ವಿಫ್ಟ್ ತನ್ನ ಗೆಳತಿ ಎಸ್ತರ್ ವ್ಯಾನ್‌ಹೊಮ್ರಿಗಾಗಿ ಅವಳ ಮನೆತನದ ಹೆಸರಿನ ಮೊದಲ ತುಣುಕನ್ನೂ ಎಸ್ತರ್‌ನ ಮುದ್ದಿನ ರೂಪವನ್ನೂ ಜೋಡಿಸಿ ಅದನ್ನು ಕಟ್ಟಿದ. ಆ ಹೆಸರಿರುವ ಅವನ ಕವನ ಅಚ್ಚಾದದ್ದು 1726ರಲ್ಲಿ. ಕೀಟತಜ್ಞ ಫ್ಯಾಬ್ರಿಷಿಯಸ್ ಒಂದು ಜಾತಿಯ ಚಿಟ್ಟೆಗಳನ್ನು ವನೆಸ್ಸಾ ಎಂದು ಕರೆದದ್ದು 1807ರಲ್ಲಿ. ಎರಡು ಇಸವಿಗಳನ್ನು ಪಕ್ಕಪಕ್ಕ ಇಟ್ಟರೆ ಸಾಕು, ಚಿಟ್ಟೆಯ ಕತೆ ನಿಲ್ಲುವುದಿಲ್ಲ. ಹುಡುಗಿಯ ಮೇಲಿನ ಅಕ್ಕರೆಯಿಂದ ಹುಟ್ಟಿದ ಹೆಸರಿಗೆ ಗ್ರೀಕ್ ವಂಶಾವಳಿ ಅಂಟಿಸುವ ಅಗತ್ಯವಾದರೂ ಏನಿತ್ತು?

ಪ್ರೀತಿಯಿಂದ ಇಟ್ಟ ಹೆಸರಿಗೆ ಕೋಶದ ಅಪ್ಪಣೆ ಏಕೆ ಎಂದು ಕೇಳುವವರಿದ್ದಾರೆ. ಅಪ್ಪಣೆ ಬೇಕಿಲ್ಲ. ‘ಕೇಳಲು ಇಂಪಾಗಿದೆ ಎಂದು ಇಟ್ಟೆವು’ ಎನ್ನುವುದು ಗೌರವದ ಉತ್ತರ. ‘ರಿಯಾಂಶ್ ಎಂದರೆ ಸೂರ್ಯನ ಅಂಶ, ವೇದದಲ್ಲಿದೆ’ ಎಂದರೆ ಮಾತ್ರ, ವೇದದಲ್ಲಿ ಎಲ್ಲಿದೆ ಎಂಬ ಪ್ರಶ್ನೆಗೂ ಸಿದ್ಧರಿರಬೇಕು. ‘ವಿಷ್ಣುವಿನ ಹೆಸರು’ ಎಂದವರು ಸಹಸ್ರನಾಮ ತೆಗೆದು ನೋಡಬಹುದು, ಅದು ಮನೆಮನೆಯಲ್ಲೂ ಇದೆ. ಸಂಸ್ಕೃತಕ್ಕೆ 1899ರ ಮೊನಿಯರ್ ವಿಲಿಯಮ್ಸ್ ಕೋಶ, ಕನ್ನಡಕ್ಕೆ 1894ರ ಕಿಟೆಲ್ ಕೋಶ, ಸಾಹಿತ್ಯ ಪರಿಷತ್ತಿನ 8 ಸಂಪುಟಗಳ ನಿಘಂಟು ಇವೆ. ಒಂದು ಪಟ್ಟಿಯನ್ನು ಇನ್ನೊಂದು ಪಟ್ಟಿಯ ಜೊತೆ ಹೋಲಿಸುವುದು ಪರಿಶೀಲನೆಯಲ್ಲ, ಏಕೆಂದರೆ ಎರಡೂ ಮೂರನೆಯ ಒಂದರಿಂದ ನಕಲಾಗಿರಬಹುದು.

ಆದರೆ ಕೋಶವೂ ಎಲ್ಲವನ್ನೂ ಹೇಳಲಾರದು. ಶಬ್ದದ ಮೂಲ ಬೇರೆ, ಹೆಸರಿನ ಮೂಲ ಬೇರೆ. ‘ತಿಪ್ಪಯ್ಯ’ ಎಂಬುದಕ್ಕೆ ಕೋಶ ತೋರಿಸಬಲ್ಲದ್ದು ತಿಪ್ಪೆಯನ್ನು ಮಾತ್ರ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ಇದಾದರೂ ಸಾವಿನ ಕಣ್ಣಿಗೆ ಬೀಳದಿರಲಿ ಎಂದು ಕೂಸಿಗೆ ತಿಪ್ಪ, ಗುಂಡ, ಕಲ್ಲ ಎಂದು ಹೆಸರಿಡುತ್ತಿದ್ದ ಸಂಗತಿ ಆ ಪುಟದಲ್ಲಿ ಸಿಗದು. ಚಿತ್ರದುರ್ಗ ಸೀಮೆಯ ತಿಪ್ಪೇಸ್ವಾಮಿ ಬಹುಮಟ್ಟಿಗೆ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಗೆ ಹೊತ್ತ ಹರಕೆಯ ಫಲ. ಒಂದೇ ಊರಿನ ಇಬ್ಬರು ತಿಪ್ಪಯ್ಯಂದಿರ ಹೆಸರಿನ ಹಿಂದೆ ಎರಡು ಬೇರೆ ಕಾರಣಗಳಿರಬಹುದು. ಅದನ್ನು ಹೇಳಬಲ್ಲವರು ಆಯಾ ಮನೆಯ ಹಿರಿಯರು ಮಾತ್ರ. ಕಚೇರಿಯಲ್ಲಿ ನಾಚಿಕೆಯಾಗುತ್ತದೆ ಎಂದು ಅಫಿಡವಿಟ್ ಮಾಡಿಸಿ ಇಂಥ ಹೆಸರು ಕಳಚಿಕೊಳ್ಳುವವರು ಅದಕ್ಕೆ ಮೊದಲು ಅಜ್ಜಿಯನ್ನು ಒಂದು ಮಾತು ಕೇಳಲಿ. ತನಗಿಂತ ಮೊದಲು ಎಷ್ಟು ತೊಟ್ಟಿಲು ಬರಿದಾಗಿದ್ದವು ಎಂಬುದು ಆಗ ತಿಳಿದೀತು.